ಬಾಸ್ಕೆಟ್‌ಬಾಲ್ ಕೋರ್ಟ್‌ನಿಂದ ಸೀರಿಯಲ್ ಸೆಟ್‌ಗೆ: ಮಂಗಳೂರು-ಉಡುಪಿಯ ಆಟಗಾರರಿಗೆ ಒಂದು ಮಾರ್ಗದರ್ಶಿ

ಕಳೆದ ಮಳೆಗಾಲದಲ್ಲಿ ಮಂಗಳೂರಿನ ಹುಡುಗನೊಬ್ಬ ಫೋನ್ ಮಾಡಿದ್ದ. ಆರಡಿ ಮೂರಿಂಚು ಎತ್ತರ. ಯೂನಿವರ್ಸಿಟಿ ಟೀಮಿನಲ್ಲಿ ಆಡಿದವನು. ಆಮೇಲೆ ಎರಡು ವರ್ಷ ಸಂಬಳ ತೆಗೆದುಕೊಂಡು ಒಂದು ಟೀಮಿಗೆ ಆಡಿದ್ದಾನೆ. "ಅಣ್ಣ, ನಾಳೆ ರಾತ್ರಿ ಬಸ್ಸಿಗೆ ಬೆಂಗಳೂರಿಗೆ ಹೊರಡ್ತೇನೆ. ಸೀರಿಯಲ್‌ನಲ್ಲಿ ಎಂತಾದ್ರೂ ಚಾನ್ಸ್ ಉಂಟಾ?" ಎಂದು ಕೇಳಿದ. ಟಿಕೆಟ್ ಕ್ಯಾನ್ಸಲ್ ಮಾಡು ಎಂದೆ. ಅವನಿಗೆ ಬೇಜಾರಾಯಿತು. ಆಮೇಲೆ ಒಂದು ಗಂಟೆ ಮಾತಾಡಿದೆವು. ಅವನಿಗೆ ಹೇಳಿದ್ದನ್ನೇ ಇಲ್ಲಿ ಸ್ವಲ್ಪ ಬಿಡಿಸಿ ಬರೆಯುತ್ತಿದ್ದೇನೆ.

ನಾನು ಉಡುಪಿಯವನು. ಹನ್ನೊಂದು ವರ್ಷ ಬಾಸ್ಕೆಟ್‌ಬಾಲ್ ಆಡಿದೆ. ಅದರಲ್ಲಿ ಕೊನೆಯ ನಾಲ್ಕು ವರ್ಷ ಸ್ಪೋರ್ಟ್ಸ್ ಕೋಟಾದ ಕೆಲಸದಲ್ಲಿದ್ದೆ. ಮೊಣಕಾಲಿನ ಲಿಗಮೆಂಟ್ ಹರಿದ ಮೇಲೆ ಮೊದಲಿನ ಹಾಗೆ ಜಿಗಿಯಲು ಆಗಲಿಲ್ಲ. ಈಗ ಸೀರಿಯಲ್‌ಗಳಲ್ಲಿ ಅಣ್ಣ, ಭಾವ, ಪೊಲೀಸ್ ಇನ್‌ಸ್ಪೆಕ್ಟರ್ ಇಂಥ ಪಾತ್ರ ಮಾಡುತ್ತೇನೆ. ಹೀರೋ ಅಲ್ಲ. ಆದರೆ ಮನೆ ಇದರಿಂದಲೇ ನಡೆಯುತ್ತಿದೆ, ಮತ್ತು ಈ ಕೆಲಸವನ್ನು ಆಟದಷ್ಟೇ ಪ್ರೀತಿಸುತ್ತೇನೆ.

ನಾನು ಹೇಳುವುದು ಮುಖ್ಯವಾಗಿ ಒಂದೇ ಮಾತು. ಮೊದಲ ಒಂದು ವರ್ಷದ ಕೆಲಸವನ್ನು ಊರಲ್ಲೇ ಮಾಡಿ. ಬಸ್ ಹತ್ತುವುದು ಆಮೇಲೆ.

ಹೆಜ್ಜೆ 1: ಆಡುತ್ತಿರುವಾಗಲೇ ಶುರು ಮಾಡಿ

ಆಟ ಬಿಟ್ಟ ಮೇಲೆ ನೋಡೋಣ ಎಂದು ಕಾಯಬೇಡಿ. ಅಮೆರಿಕದ ರಿಕ್ ಫಾಕ್ಸ್ ನಿಮಗೆ ಗೊತ್ತಿರಬಹುದು. ಲಾಸ್ ಏಂಜಲೀಸ್ ಲೇಕರ್ಸ್ ಬಾಸ್ಕೆಟ್‌ಬಾಲ್ ಟೀಮ್ 2000, 2001, 2002ರಲ್ಲಿ ಸತತ ಮೂರು ಸಲ ಚಾಂಪಿಯನ್ ಆದಾಗ ಆ ಟೀಮಿನಲ್ಲಿದ್ದವರು. ಅವರ ಆಟ ನಿಂತದ್ದು 2004ರಲ್ಲಿ. ಸಿನಿಮಾದಲ್ಲಿ ಮೊದಲು ಕಾಣಿಸಿಕೊಂಡದ್ದು 1994ರಲ್ಲೇ. ಹತ್ತು ವರ್ಷ ಮೊದಲು! ಆಗ ಸಿಕ್ಕಿದ್ದು ಬಾಸ್ಕೆಟ್‌ಬಾಲ್ ಆಟಗಾರನ ಸಣ್ಣ ಪಾತ್ರ. ಆಮೇಲೆ ಟಿವಿಯ ಜೈಲಿನ ಕಥೆಯೊಂದರಲ್ಲೂ ಆಟಗಾರನ ಪಾತ್ರವೇ ಸಿಕ್ಕಿತು. ಬೇರೆ ಬೇರೆ ಪಾತ್ರ ಸಿಕ್ಕಿದ್ದು ನಿಧಾನವಾಗಿ.

ಇನ್ನೂ ಹಳೆಯವರು ಚಕ್ ಕಾನರ್ಸ್. 1946ರಲ್ಲಿ ಬೋಸ್ಟನ್ ಸೆಲ್ಟಿಕ್ಸ್ ತನ್ನ ಮೊದಲ ಸೀಸನ್ ಆಡಿದಾಗ ಆ ಟೀಮಿನಲ್ಲಿದ್ದರು. ಬೇಸ್‌ಬಾಲ್ ಕೂಡ ಆಡಿದರು. ಟಿವಿ ಸರಣಿಯೊಂದರ ನಾಯಕನಾಗಿ ಅಮೆರಿಕದಲ್ಲಿ ಮನೆಮಾತಾಗುವಾಗ 1958 ಆಗಿತ್ತು.

ನಮ್ಮ ದೇಶದಲ್ಲಿ ಇಬ್ಬರನ್ನು ನೆನಪಿಸಿಕೊಳ್ಳಿ. ಒಬ್ಬರು ಪ್ರವೀಣ್ ಕುಮಾರ್ ಸೋಬ್ತಿ. 1966 ಮತ್ತು 1970ರ ಏಷ್ಯನ್ ಗೇಮ್ಸ್‌ನಲ್ಲಿ ಡಿಸ್ಕಸ್ ಎಸೆತದಲ್ಲಿ ಚಿನ್ನ ಗೆದ್ದವರು. 1988ರಲ್ಲಿ ಶುರುವಾದ ಟಿವಿ ಮಹಾಭಾರತದ ಭೀಮ ಅವರೇ. ಇನ್ನೊಬ್ಬರು ಪ್ರಾಚಿ ತೆಹ್ಲಾನ್. ಬಾಸ್ಕೆಟ್‌ಬಾಲ್ ಆಡುತ್ತಿದ್ದವರು, 2010ರ ಕಾಮನ್‌ವೆಲ್ತ್ ಗೇಮ್ಸ್‌ನಲ್ಲಿ ಭಾರತದ ನೆಟ್‌ಬಾಲ್ ಟೀಮಿಗೆ ಕ್ಯಾಪ್ಟನ್ ಆಗಿದ್ದರು. ಹಿಂದಿ ಸೀರಿಯಲ್‌ಗೆ ಬಂದದ್ದು 2016ರಲ್ಲಿ, ಆಮೇಲೆ ಸೀರಿಯಲ್‌ನ ನಾಯಕಿಯೂ ಆದರು. ಎತ್ತರದ ಹುಡುಗಿಯರಿಗೆ ಸೀರಿಯಲ್‌ನಲ್ಲಿ ಜಾಗ ಇಲ್ಲ ಎಂದು ಯಾರಾದರೂ ಹೇಳಿದರೆ ಈ ಹೆಸರನ್ನು ಹೇಳಿ.

ಇವರಲ್ಲಿ ಯಾರೂ ಒಂದೇ ರಾತ್ರಿಯಲ್ಲಿ ದಾರಿ ಬದಲಿಸಿದವರಲ್ಲ. ಮೊದಲ ಪಾತ್ರ ನಿಮ್ಮ ಮೈಕಟ್ಟು ನೋಡಿ ಸಿಗಬಹುದು. ಎರಡನೆಯದಕ್ಕೆ ನಟನೆ ಗೊತ್ತಿರಬೇಕು. ನೀವು ತಯಾರಾಗಬೇಕಾದ್ದು ಆ ಎರಡನೆಯದಕ್ಕೆ.

ಹೆಜ್ಜೆ 2: ಕೈಯಲ್ಲಿರುವ ಕೆಲಸ ಬಿಡಬೇಡಿ

ನಮ್ಮಲ್ಲಿ ಬಾಸ್ಕೆಟ್‌ಬಾಲ್‌ನಿಂದ ಬದುಕುವುದು ಅಂದರೆ ಹೆಚ್ಚಾಗಿ ರೈಲ್ವೆ, ಬ್ಯಾಂಕ್, ಪೊಲೀಸ್, ಆದಾಯ ತೆರಿಗೆ ಇಲಾಖೆ ಇಂಥ ಕಡೆ ಸ್ಪೋರ್ಟ್ಸ್ ಕೋಟಾದ ನೌಕರಿ. ಅದಿದ್ದರೆ ರಾಜೀನಾಮೆ ಕೊಡಬೇಡಿ. ಸರ್ಕಾರಿ ನೌಕರಿಯಲ್ಲಿದ್ದುಕೊಂಡು ಬೇರೆ ಕಡೆ ದುಡ್ಡಿಗೆ ನಟಿಸಬೇಕಾದರೆ ಮೊದಲೇ ಲಿಖಿತ ಅನುಮತಿ ಬೇಕು. ಮೇಲಧಿಕಾರಿ ಬಾಯಲ್ಲಿ "ಆಯ್ತು, ಹೋಗಿ ಬನ್ನಿ" ಎಂದದ್ದು ಲೆಕ್ಕಕ್ಕಿಲ್ಲ. ಅರ್ಜಿ ಕೊಟ್ಟು, ಸೀಲು ಬಿದ್ದ ಕಾಗದ ಇಟ್ಟುಕೊಳ್ಳಿ.

ನೌಕರಿ ಇಲ್ಲದಿದ್ದರೆ ಕನಿಷ್ಠ ಎಂಟು ತಿಂಗಳ ಖರ್ಚಿನ ದುಡ್ಡು ಕೂಡಿಡಿ. ಸೀರಿಯಲ್‌ನಲ್ಲಿ ಪೋಷಕ ಪಾತ್ರಕ್ಕೆ ದಿನದ ಲೆಕ್ಕದಲ್ಲಿ ದುಡ್ಡು. ನನಗೆ ಮೊದಲ ವರ್ಷ ತಿಂಗಳಿಗೆ ಎಂಟು-ಹತ್ತು ದಿನ ಕೆಲಸ ಸಿಕ್ಕಿತು. ಕೆಲವು ತಿಂಗಳು ಮೂರೇ ದಿನ. ಆ ದುಡ್ಡೂ ಕೈಗೆ ಬರುವಾಗ ಎರಡು ಮೂರು ತಿಂಗಳು ಕಳೆದಿರುತ್ತಿತ್ತು.

ಹೆಜ್ಜೆ 3: ಮುಖ ಬಿಚ್ಚಿ

ನಿಜವಾದ ಕಷ್ಟ ಇರುವುದು ಇಲ್ಲಿ. ಹಾಗಾಗಿ ಸ್ವಲ್ಪ ಜಾಸ್ತಿ ಬರೆಯುತ್ತೇನೆ.

ನನ್ನ ಕೋಚ್ ಹದಿನಾಲ್ಕನೇ ವಯಸ್ಸಿನಿಂದ ಹೇಳಿಕೊಟ್ಟದ್ದು ಒಂದೇ. "ಮುಖದಲ್ಲಿ ಎಂತದೂ ಕಾಣ್ಬಾರ್ದು ಮಾರಾಯ." ಸುಸ್ತಾದರೆ ಎದುರಿನವನಿಗೆ ಗೊತ್ತಾಗಬಾರದು. ನೋವಾದರೆ ಗೊತ್ತಾಗಬಾರದು. ಬಲಕ್ಕೆ ಹೋಗುತ್ತೇನೋ ಎಡಕ್ಕೋ ಎನ್ನುವುದು ಕಣ್ಣಲ್ಲಿ ಕಾಣಬಾರದು. ನೋಡುವುದು ಒಂದು ಕಡೆ, ಪಾಸ್ ಕೊಡುವುದು ಇನ್ನೊಂದು ಕಡೆ. ಹತ್ತು ವರ್ಷ ಹೀಗೆ ಅಭ್ಯಾಸ ಮಾಡಿದರೆ ಮುಖ ಒಂದು ಮುಚ್ಚಿದ ಬಾಗಿಲಿನ ಹಾಗೆ ಆಗಿಬಿಡುತ್ತದೆ.

ನನ್ನ ಮೊದಲ ಸೀನ್ ಇವತ್ತಿಗೂ ನೆನಪಿದೆ. ಅಪ್ಪ ಜಾಗ ಮಾರಿದ್ದಾರೆ ಎನ್ನುವ ಸುದ್ದಿ ಹಿರಿಯ ಮಗನಿಗೆ ಗೊತ್ತಾಗುತ್ತದೆ. ನನಗೆ ಮಾತೇ ಇಲ್ಲ, ಕೇಳಿಸಿಕೊಂಡರೆ ಸಾಕು. ಒಳಗೆ ನಿಜವಾಗಿಯೂ ಸಂಕಟ ಆಗುತ್ತಿತ್ತು. ಚೆನ್ನಾಗಿ ಮಾಡಿದೆ ಅಂದುಕೊಂಡೆ. ಡೈರೆಕ್ಟರ್ ಮಾನಿಟರ್‌ನಿಂದ ಎದ್ದು ಬಂದು ಮೆಲ್ಲಗೆ ಹೇಳಿದರು, "ಸರ್, ನಿಮ್ಮ ಮುಖ ಓದೋಕೆ ಆಗ್ತಿಲ್ಲ." ಆಟದಲ್ಲಿ ಯಾರಾದರೂ ಹಾಗೆ ಹೇಳಿದ್ದರೆ ಅದು ದೊಡ್ಡ ಹೊಗಳಿಕೆ. ಅವತ್ತು ಆರು ಟೇಕ್ ಆಯಿತು. ಹಿರಿಯ ಕಲಾವಿದೆಯೊಬ್ಬರು ಅಷ್ಟೂ ಸಲ ಅದೇ ಮಾತನ್ನು ಅದೇ ಪ್ರೀತಿಯಿಂದ ಹೇಳಿ ನನ್ನನ್ನು ಕಾದರು.

ಇದಕ್ಕೆ ಮನೆಯಲ್ಲಿ ಮಾಡಬೇಕಾದ ಅಭ್ಯಾಸ ಹೀಗಿದೆ. ಮೊಬೈಲನ್ನು ಕಣ್ಣಿನ ಮಟ್ಟಕ್ಕೆ ಇಟ್ಟು, ಮುಖ ಮಾತ್ರ ಕಾಣುವ ಹಾಗೆ ಫ್ರೇಮ್ ಮಾಡಿ. ಮನೆಯವರಲ್ಲಿ ಯಾರಾದರೂ ಮೊಬೈಲಿನ ಪಕ್ಕ ಕೂತು ಏನಾದರೂ ಹೇಳಲಿ. ಅಜ್ಜಿಯ ಹಳೆಯ ಕಥೆ ಆಗಬಹುದು, ಅಮ್ಮನ ಬೈಗುಳವೂ ಆಗಬಹುದು. ನೀವು ಮಾತಾಡಬೇಡಿ, ಕೇಳಿ. ಎರಡು ನಿಮಿಷ ರೆಕಾರ್ಡ್ ಮಾಡಿ, ಆಮೇಲೆ ಸೌಂಡ್ ತೆಗೆದು ನೋಡಿ. ಯಾವ ಮಾತು ತಾಗಿತು, ಯಾವುದು ತಾಗಲಿಲ್ಲ ಎನ್ನುವುದು ನಿಮ್ಮ ಮುಖದಲ್ಲಿ ಕಾಣುತ್ತದಾ? ಕಾಣದಿದ್ದರೆ ನಾಳೆ ಮತ್ತೆ. ಕನ್ನಡಿ ಮುಂದೆ ಮಾತ್ರ ಮಾಡಬೇಡಿ. ಕನ್ನಡಿಯಲ್ಲಿ ನಮ್ಮನ್ನು ನಾವೇ ನೋಡುತ್ತಾ ಇರುತ್ತೇವೆ, ಕೇಳುವುದೇ ಇಲ್ಲ. ಹುಬ್ಬು ಏರಿಸುವುದು, ಕಣ್ಣು ಅಗಲಿಸುವುದು ಕೂಡ ಬೇಡ. ಅದು ಮುಖ ಬಿಚ್ಚುವುದಲ್ಲ, ಮತ್ತೊಂದು ಮುಖವಾಡ.

ಆಟದ ಒಂದು ಪಾಠ ಮಾತ್ರ ಇಲ್ಲಿ ತುಂಬಾ ಉಪಯೋಗಕ್ಕೆ ಬರುತ್ತದೆ. 40 ನಿಮಿಷದ ಆಟ, ಕೋರ್ಟ್‌ನಲ್ಲಿ 10 ಜನ, ಬಾಲ್ ಒಂದೇ. ಸಮನಾಗಿ ಹಂಚಿದರೆ ಒಬ್ಬರ ಕೈಯಲ್ಲಿ ಬಾಲ್ ಇರುವುದು 4 ನಿಮಿಷ. ಉಳಿದ 36 ನಿಮಿಷ ಬಾಲ್ ಇಲ್ಲದ ಆಟ. ಒಳ್ಳೆಯ ಆಟಗಾರ ಯಾರು ಎಂದು ಗೊತ್ತಾಗುವುದು ಆ 36 ನಿಮಿಷದಲ್ಲಿ, ಅಲ್ವಾ? ಸೀರಿಯಲ್ ಕೂಡ ಹಾಗೆಯೇ. ಮನೆಯ ಹಾಲ್‌ನಲ್ಲಿ ಹತ್ತು ಜನ ನಿಂತಿರುತ್ತಾರೆ. ಒಬ್ಬರು ಒಂದು ಮಾತು ಹೇಳಿದ ಕೂಡಲೇ ಎಲ್ಲರ ರಿಯಾಕ್ಷನ್ ತೆಗೆಯುತ್ತಾರೆ. ಎತ್ತರ ಇದ್ದವರನ್ನು ಹಿಂದಿನ ಸಾಲಿನಲ್ಲಿ ನಿಲ್ಲಿಸುತ್ತಾರೆ. ಗಂಟೆಗಟ್ಟಲೆ ನಿಂತು ಎರಡೇ ಮಾತು ಹೇಳಬೇಕಾಗಬಹುದು. ಆಗ ಮೈ ಬಿಟ್ಟು, ಮನಸ್ಸು ಎಲ್ಲೋ ಇಟ್ಟು ನಿಲ್ಲುವವರೇ ಜಾಸ್ತಿ. ನೀವು ಬಾಲ್ ಇಲ್ಲದಾಗ ಆಡಿದ ಹಾಗೆ ಅಲ್ಲಿ ಇರಿ. ಎಡಿಟಿಂಗ್‌ನಲ್ಲಿ ಕೂತವರಿಗೆ ಉಪಯೋಗಕ್ಕೆ ಬರುವ ಮುಖ ಬೇಕು. ನಿಮ್ಮ ಕ್ಲೋಸಪ್ ನಾಲ್ಕು ಸಲ ಬಳಕೆಯಾದರೆ ಮುಂದಿನ ವಾರ ಮಾತೂ ಸಿಗುತ್ತದೆ.

ಹೆಜ್ಜೆ 4: ಎರಡು ಕನ್ನಡ ಕಲಿಯಿರಿ

ನಮ್ಮ ಕನ್ನಡ ಚೆಂದದ ಕನ್ನಡ. ಅದನ್ನು ಯಾರ ಎದುರೂ ಕೀಳು ಮಾಡಿಕೊಳ್ಳಬೇಡಿ. ಆದರೆ ಬೆಂಗಳೂರಿನಲ್ಲಿ ಬರೆಯುವ ಸೀರಿಯಲ್‌ನ ಮಾತು ಬೇರೆ. ನಾವು "ಬರ್ತೇನೆ" ಎನ್ನುತ್ತೇವೆ, ಅಲ್ಲಿ "ಬರ್ತೀನಿ." ನಮ್ಮ "ಉಂಟು" ಅಲ್ಲಿ "ಇದೆ." ನಮ್ಮ "ಎಂತಕ್ಕೆ" ಅಲ್ಲಿ "ಯಾಕೆ." ಶಬ್ದ ಬದಲಿಸುವುದು ಸುಲಭ, ಎರಡು ವಾರದ ಕೆಲಸ. ರಾಗ ಬದಲಿಸುವುದು ಕಷ್ಟ. ಮನೆಯಲ್ಲಿ ತುಳುವೋ ಕೊಂಕಣಿಯೋ ಬ್ಯಾರಿಯೋ ಮಾತಾಡಿ ಬೆಳೆದವರು ಕನ್ನಡವನ್ನು ಶಾಲೆಯಲ್ಲಿ ಕಲಿತಿರುತ್ತೇವೆ. ಹಾಗಾಗಿ ಒಂದೊಂದು ಅಕ್ಷರವನ್ನೂ ಪೂರ್ತಿಯಾಗಿ, ಪುಸ್ತಕ ಓದಿದ ಹಾಗೆ ಹೇಳುತ್ತೇವೆ. ಸ್ಪಷ್ಟ ಇರುತ್ತದೆ, ಆದರೆ ಸಿಟ್ಟು ಬಂದವನು ಹಾಗೆ ಮಾತಾಡುವುದಿಲ್ಲ.

ಮೈಸೂರು-ಬೆಂಗಳೂರು ಕಡೆಯ ಗೆಳೆಯ ಇದ್ದರೆ ದಿನಕ್ಕೆ ಹತ್ತು ನಿಮಿಷ ಫೋನಿನಲ್ಲಿ ಮಾತಾಡಿ. ಸೀರಿಯಲ್‌ನ ಒಂದು ಸೀನ್ ನೋಡಿ, ನಿಲ್ಲಿಸಿ, ಅದೇ ಓಟದಲ್ಲಿ ಹೇಳಿ ರೆಕಾರ್ಡ್ ಮಾಡಿ. ಶೂಟಿಂಗ್ ಹೊತ್ತಿನಲ್ಲಿ ಇನ್ನೊಂದು ಕಷ್ಟ ಇದೆ. ಸೀನ್ ಪೇಪರ್ ಕೈಗೆ ಬರುವುದು ಅಲ್ಲೇ, ಆಗಲೇ. ಎಷ್ಟೋ ಸಲ ಅಸಿಸ್ಟೆಂಟ್ ಡೈರೆಕ್ಟರ್ ಪಕ್ಕದಲ್ಲಿ ನಿಂತು ಮಾತನ್ನು ಪ್ರಾಂಪ್ಟ್ ಮಾಡುತ್ತಾರೆ. ಕಿವಿ ಅವರ ಕಡೆ, ಕಣ್ಣು ಎದುರಿನ ಕಲಾವಿದರ ಕಡೆ ಇರಬೇಕು. ಇದು ನಿಮಗೆ ಬೇಗ ಬರುತ್ತದೆ. ಬಾಲ್ ಡ್ರಿಬಲ್ ಮಾಡುತ್ತಾ ಬೆಂಚಿನಿಂದ ಕೋಚ್ ಕೂಗಿದ್ದನ್ನು ಕೇಳಿಸಿಕೊಂಡವರು ನೀವು. ತಂಗಿಯನ್ನೋ ತಮ್ಮನನ್ನೋ ಪಕ್ಕದಲ್ಲಿ ಕೂರಿಸಿ, ಪತ್ರಿಕೆಯಿಂದ ಒಂದೊಂದೇ ಸಾಲು ಓದಿಸಿ, ಕಿಟಕಿ ನೋಡಿಕೊಂಡು ಅದನ್ನು ನಿಮ್ಮ ಮಾತಿನ ಹಾಗೆ ಹೇಳಿ.

ಧ್ವನಿಯನ್ನು ತಗ್ಗಿಸುವುದೂ ಕಲಿಯಿರಿ. ಕೋರ್ಟ್ 28 ಮೀಟರ್ ಉದ್ದ. ಆ ತುದಿಗೆ ಕೇಳುವ ಹಾಗೆ ಕೂಗಿ ಅಭ್ಯಾಸ ನಮಗೆ. ಸೆಟ್‌ನಲ್ಲಿ ಮೈಕ್ ಇರುವುದು ನಿಮ್ಮ ಅಂಗಿಯ ಒಳಗೆ.

ಹೆಜ್ಜೆ 5: ಇಲ್ಲೇ ವೇದಿಕೆ ಹತ್ತಿ

ಉಡುಪಿ-ಮಂಗಳೂರಿನಷ್ಟು ನಾಟಕ ಇರುವ ಜಾಗ ಕಡಿಮೆ. ಇದನ್ನು ಬಿಟ್ಟು ಬೆಂಗಳೂರಿನಲ್ಲಿ ಸಾವಿರಾರು ರೂಪಾಯಿ ಕೊಟ್ಟು ಒಂದು ವಾರದ ಆಕ್ಟಿಂಗ್ ಕ್ಲಾಸ್ ಸೇರುವವರನ್ನು ನೋಡಿದರೆ ನನಗೆ ಹೊಟ್ಟೆ ಉರಿಯುತ್ತದೆ. ಉಡುಪಿಯ ರಂಗಭೂಮಿ ಸಂಸ್ಥೆ 1965ರಿಂದ ಇದೆ. ಅದು ನಡೆಸುವ ರಾಜ್ಯಮಟ್ಟದ ನಾಟಕ ಸ್ಪರ್ಧೆಗೆ ಬೇರೆ ಬೇರೆ ಊರಿನ ತಂಡಗಳು ಬರುತ್ತವೆ. ಮೊದಲು ಪ್ರೇಕ್ಷಕರಾಗಿ ಎಲ್ಲ ನಾಟಕ ನೋಡಿ. ಮಂಗಳೂರಿನಲ್ಲಿ ಶಕ್ತಿನಗರದ ಕಲಾಂಗಣ್‌ನಲ್ಲಿ ಕೊಂಕಣಿ ನಾಟಕ ನಡೆಯುತ್ತದೆ. ಡಾನ್ ಬಾಸ್ಕೋ ಹಾಲ್, ಟೌನ್‌ಹಾಲ್ ಕಡೆ ಕಣ್ಣಿಟ್ಟಿರಿ. ತುಳು ನಾಟಕ ತಂಡಗಳಂತೂ ಮಳೆ ಮುಗಿದ ಮೇಲೆ ಊರೂರು ಸುತ್ತುತ್ತಿರುತ್ತವೆ.

ಹವ್ಯಾಸಿ ತಂಡಕ್ಕೆ ಹೋದ ಕೂಡಲೇ ಪಾತ್ರ ಕೇಳಬೇಡಿ. "ಎಂತ ಕೆಲಸ ಉಂಟು, ಹೇಳಿ" ಎಂದು ಕೇಳಿ. ಸೆಟ್ ಎತ್ತಿ, ಲೈಟ್ ಕಟ್ಟಿ. ನನ್ನನ್ನು ಮೊದಲು ಕರೆದದ್ದು ಏಣಿ ಇಲ್ಲದೆ ಪರದೆ ಕಟ್ಟಬಲ್ಲೆ ಎನ್ನುವ ಕಾರಣಕ್ಕೆ. ಅಲ್ಲಿ ಮೂರು ತಿಂಗಳು ಇದ್ದು ರಿಹರ್ಸಲ್ ನೋಡಿದ್ದರಿಂದಲೇ ನಾಲ್ಕನೇ ತಿಂಗಳು ಒಬ್ಬರು ಜ್ವರ ಬಂದು ಮಲಗಿದಾಗ ಅವರ ಮಾತುಗಳೆಲ್ಲ ನನಗೆ ಬಾಯಿಪಾಠ ಇದ್ದವು.

ತಾಳಮದ್ದಲೆ ತಪ್ಪದೆ ಕೇಳಿ. ಅದು ಯಕ್ಷಗಾನದ್ದೇ ಒಂದು ರೂಪ. ವೇಷ ಇಲ್ಲ, ಕುಣಿತ ಇಲ್ಲ, ಕೂತಲ್ಲೇ ಮಾತು. ಎದುರಿನ ಅರ್ಥಧಾರಿ ಏನು ಹೇಳುತ್ತಾರೋ ಅದಕ್ಕೆ ಅಲ್ಲೇ ಉತ್ತರ ಕಟ್ಟಬೇಕು. ಕೇಳಿಸಿಕೊಂಡು ಮಾತಾಡುವುದು ಅಂದರೆ ಏನು ಎನ್ನುವುದಕ್ಕೆ ಅದಕ್ಕಿಂತ ಒಳ್ಳೆಯ ಪಾಠ ನನಗೆ ಗೊತ್ತಿಲ್ಲ. ಯಕ್ಷಗಾನದ ಧ್ವನಿಯನ್ನು ಹಾಗೆಯೇ ಕ್ಯಾಮೆರಾ ಮುಂದೆ ತರುವುದು ಮಾತ್ರ ಬೇಡ.

ಒಂದು ಪೂರ್ತಿ ವರ್ಷ ಕೊಡಲು ಸಾಧ್ಯ ಇರುವವರಿಗೆ ಘಟ್ಟದ ಮೇಲೆ, ಸಾಗರ ತಾಲೂಕಿನ ಹೆಗ್ಗೋಡಿನಲ್ಲಿ ನೀನಾಸಂ ಇದೆ. 1949ರಲ್ಲಿ ಶುರುವಾದ ಸಂಸ್ಥೆ. 1980ರಿಂದ ಅಲ್ಲಿ ರಂಗಶಿಕ್ಷಣ ಕೇಂದ್ರ ಇದೆ. ಅಲ್ಲೇ ಉಳಿದು ಕಲಿಯುವ ಡಿಪ್ಲೊಮಾ. ಟ್ರೇನಿಂಗ್ ಕ್ಯಾಂಪಿನ ಶಿಸ್ತು ಇಷ್ಟಪಟ್ಟವರಿಗೆ ಅದು ಹಿಡಿಸುತ್ತದೆ.

ಹೆಜ್ಜೆ 6: ಎತ್ತರವನ್ನು ಅಡಗಿಸಬೇಡಿ

ಎತ್ತರದವರಿಗೆ ಬಗ್ಗುವ ಚಾಳಿ ಇರುತ್ತದೆ. ಬಾಗಿಲು, ಬಸ್ಸು, ಮದುವೆಯ ಗ್ರೂಪ್ ಫೋಟೋ, ಎಲ್ಲ ಕಡೆ ಬಗ್ಗಿ ಬಗ್ಗಿ ಭುಜ ಮುಂದಕ್ಕೆ ಬಂದಿರುತ್ತದೆ. ಕ್ಯಾಮೆರಾದಲ್ಲಿ ಅದು ಅಳುಕಿನ ಹಾಗೆ ಕಾಣುತ್ತದೆ. ನೆಟ್ಟಗೆ ನಿಲ್ಲಿ. ಎದುರಿನ ಕಲಾವಿದರು ಗಿಡ್ಡ ಇದ್ದರೆ ಅವರ ಕಾಲಡಿಗೆ ಮರದ ಪೆಟ್ಟಿಗೆ ಇಡುತ್ತಾರೆ. ಇಲ್ಲದಿದ್ದರೆ ನಿಮಗೆ ಕಾಲು ಅಗಲಿಸಿ ನಿಲ್ಲಲು ಹೇಳುತ್ತಾರೆ. ಫ್ರೇಮಿನಲ್ಲಿ ಸೊಂಟದ ಮೇಲೆ ಮಾತ್ರ ಕಾಣುವುದರಿಂದ ಗೊತ್ತಾಗುವುದಿಲ್ಲ. ಡಿಫೆನ್ಸ್ ಸ್ಟಾನ್ಸ್‌ನಲ್ಲಿ ನಿಂತು ಅಭ್ಯಾಸ ಇರುವ ನಿಮಗೆ ಅದೇನೂ ಕಷ್ಟ ಅಲ್ಲ. ಮೇಲಿನ ದೇಹ ಸಡಿಲವಾಗಿ ಇರಲಿ, ಅಷ್ಟೇ.

ಕೈ ಇನ್ನೊಂದು ಸಮಸ್ಯೆ. ಬಾಲ್ ಇಲ್ಲದಾಗ ನಮ್ಮ ಕೈ ಏನು ಮಾಡಬೇಕೆಂದು ತಿಳಿಯದೆ ಸೊಂಟಕ್ಕೆ ಹೋಗುತ್ತದೆ. ಸುಮ್ನೆ ಎರಡೂ ಕೈ ಕೆಳಗೆ ಬಿಟ್ಟು ಐದು ನಿಮಿಷ ಮಾತಾಡಿ ನೋಡಿ, ಎಷ್ಟು ಕಷ್ಟ ಎಂದು ಗೊತ್ತಾಗುತ್ತದೆ. ದಿನಾ ಮಾಡಿ.

ಮಾರ್ಕ್ ಮೇಲೆ ನಿಲ್ಲುವುದರಲ್ಲಿ ನೀವು ಬೇರೆಯವರಿಗಿಂತ ಮುಂದೆ. ನೆಲದಲ್ಲಿ ಟೇಪ್ ಅಂಟಿಸಿರುತ್ತಾರೆ, ಕೆಳಗೆ ನೋಡದೆ ನಡೆದು ಬಂದು ಅದರ ಮೇಲೆ ನಿಲ್ಲಬೇಕು. ಒಂದು ಹೆಜ್ಜೆ ಆಚೀಚೆ ಆದರೆ ಫೋಕಸ್ ಹೋಗುತ್ತದೆ, ಲೈಟ್ ತಪ್ಪುತ್ತದೆ. ಮಾರ್ಕ್‌ನಿಂದ ಹಿಂದಕ್ಕೆ ಹೆಜ್ಜೆ ಎಣಿಸಿಕೊಂಡು ಹೋಗಿ, ಅಲ್ಲಿಂದ ಅಷ್ಟೇ ಹೆಜ್ಜೆಯಲ್ಲಿ ಬನ್ನಿ. ಲೇಅಪ್‌ಗೆ, ಅಂದರೆ ಓಡಿ ಬಂದು ರಿಂಗ್ ಹತ್ತಿರದಿಂದ ಬಾಲ್ ಹಾಕುವುದಕ್ಕೆ, ಹೆಜ್ಜೆ ಹಾಕಿದ ಲೆಕ್ಕವೇ. ಮನೆಯ ಜಗಲಿಯಲ್ಲಿ ಟೇಪ್ ಅಂಟಿಸಿ ಒಂದು ವಾರ ಮಾಡಿದರೆ ಸಾಕು.

ಹೆಜ್ಜೆ 7: ಫೋಟೋ ಮತ್ತು ವಿಡಿಯೋ

ದುಬಾರಿ ಪೋರ್ಟ್‌ಫೋಲಿಯೋ ಈಗಲೇ ಬೇಡ. ಫಿಲ್ಟರ್ ಇಲ್ಲದ ಐದಾರು ಫೋಟೋ ಸಾಕು. ಮುಖ, ಅರ್ಧ ದೇಹ, ಪೂರ್ತಿ ದೇಹ. ಒಂದು ಪಂಚೆ-ಶರಟಿನಲ್ಲಿ ಅಥವಾ ಸೀರೆಯಲ್ಲಿ, ಒಂದು ದಿನನಿತ್ಯದ ಬಟ್ಟೆಯಲ್ಲಿ. ಜರ್ಸಿಯಲ್ಲಿ ಬಾಲ್ ಹಿಡಿದ ಫೋಟೋ ಒಂದೇ ಒಂದು ಇರಲಿ.

ಪರಿಚಯದ ವಿಡಿಯೋ ಒಂದು ನಿಮಿಷ. ಹೆಸರು, ವಯಸ್ಸು, ಎತ್ತರ, ಊರು, ಬರುವ ಭಾಷೆಗಳು. ಆಮೇಲೆ ಎಡಕ್ಕೆ, ಬಲಕ್ಕೆ ತಿರುಗಿ ತೋರಿಸಿ. ಮೊಬೈಲ್ ಅಡ್ಡ ಇರಲಿ. ಹಿಂದೆ ಖಾಲಿ ಗೋಡೆ, ಎದುರು ಕಿಟಕಿ ಬೆಳಕು. ಸಣ್ಣ ಟ್ರೈಪಾಡ್ ನಮ್ಮ ಎತ್ತರಕ್ಕೆ ಸಾಲುವುದಿಲ್ಲ, ಕೆಳಗಿನಿಂದ ತೆಗೆದರೆ ಮೂಗಿನ ಹೊಳ್ಳೆ ಮಾತ್ರ ಕಾಣುತ್ತದೆ. ನಾನು ಫ್ರಿಜ್ ಮೇಲೆ ಎರಡು ದಪ್ಪ ಪುಸ್ತಕ ಇಟ್ಟು ಅದರ ಮೇಲೆ ಮೊಬೈಲ್ ಒರಗಿಸುತ್ತಿದ್ದೆ. ರೆಕಾರ್ಡ್ ಮಾಡುವಾಗ ಫ್ರಿಜ್ ಆಫ್ ಮಾಡಿ, ಅದರ ಗುಂಯ್ ಎನ್ನುವ ಶಬ್ದ ಬರುತ್ತದೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಮ್ಮಲ್ಲಿ ಮಳೆಯದ್ದೇ ದೊಡ್ಡ ತೊಂದರೆ. ಹಂಚಿನ ಮನೆ, ತಗಡಿನ ಶೀಟ್ ಇದ್ದರೆ ಮಾತೇ ಕೇಳುವುದಿಲ್ಲ. ಬಟ್ಟೆ ತುಂಬಿದ ಕಪಾಟು ಇರುವ ಒಳಕೋಣೆ ಹುಡುಕಿ, ಮಳೆ ಬಿಟ್ಟ ಹೊತ್ತಿಗೆ ಕಾಯಿರಿ.

ಇದರ ಜೊತೆ ಎರಡು ಸಣ್ಣ ಸೀನ್. ಒಂದು ಸಿಟ್ಟಿನದ್ದು, ಒಂದು ಮನೆಯ ಮಾತಿನದ್ದು. ಎದುರಿನ ಪಾತ್ರದ ಮಾತು ಓದುವವರು ಮೊಬೈಲಿಗೆ ತಾಗಿಕೊಂಡೇ ನಿಲ್ಲಲಿ. ಆಗ ನಿಮ್ಮ ನೋಟ ಸರಿಯಾದ ಜಾಗದಲ್ಲಿ ಇರುತ್ತದೆ.

ಹೆಜ್ಜೆ 8: ಆಡಿಷನ್, ಮತ್ತು ದುಡ್ಡು ಕೇಳುವವರು

ಆಡಿಷನ್‌ಗೆ ದುಡ್ಡು ಕೇಳಿದರೆ ಅಲ್ಲಿಂದ ಎದ್ದು ಬನ್ನಿ. ರಿಜಿಸ್ಟ್ರೇಷನ್, ಕಾರ್ಡ್, ಪೋರ್ಟ್‌ಫೋಲಿಯೋ, ಡೆಪಾಸಿಟ್ ಎಂದು ಯಾವ ಹೆಸರಲ್ಲೇ ಕೇಳಲಿ. ನಾನು 15,000 ರೂಪಾಯಿ ಕೊಟ್ಟು ಕಲಿತ ಪಾಠ ಇದು. ಕೊಟ್ಟ ಮೇಲೆ "ಮುಂದಿನ ವಾರ ಲುಕ್ ಟೆಸ್ಟ್" ಎಂದು ಮೂರು ತಿಂಗಳು ಕಾಯಿಸಿದರು. ಆಮೇಲೆ ನಂಬರ್ ಸ್ವಿಚ್ ಆಫ್. ಆ ದುಡ್ಡು ಅಮ್ಮನದ್ದಾಗಿತ್ತು. ಚಾನೆಲ್‌ಗಳು ಮತ್ತು ಪ್ರೊಡಕ್ಷನ್ ಕಂಪನಿಗಳು ತಮ್ಮ ಸ್ವಂತ ಪುಟಗಳಲ್ಲೇ ಆಡಿಷನ್ ವಿಷಯ ಹಾಕುತ್ತವೆ. ಅಲ್ಲಿ ಇಲ್ಲದ್ದನ್ನು ಫೋನಿನಲ್ಲಿ ಯಾರೋ ಹೇಳಿದರೆ ನಂಬಬೇಡಿ.

ಹುಡುಗಿಯರಿಗೆ ಒಂದು ಮಾತು. ಹಗಲು ಹೊತ್ತು, ಆಫೀಸಿನಲ್ಲಿ, ಬೇರೆಯವರೂ ಇರುವ ಕಡೆ ಮಾತ್ರ ಆಡಿಷನ್‌ಗೆ ಹೋಗಿ. ಮೊದಲ ಸಲ ಮನೆಯವರನ್ನೋ ಗೆಳತಿಯನ್ನೋ ಕರೆದುಕೊಂಡು ಹೋಗಿ. ಅದಕ್ಕೆ ಬೇಡ ಎನ್ನುವವರ ಕೆಲಸ ನಿಮಗೂ ಬೇಡ. ಬಿಸಿಲಲ್ಲಿ ಆಡಿದ ಮೈಬಣ್ಣ, ಅಗಲ ಭುಜ, ಗಿಡ್ಡ ಕೂದಲು ಇದ್ದರೆ "ಸ್ವಲ್ಪ ಬದಲಾಯಿಸಿಕೊಂಡು ಬನ್ನಿ" ಎನ್ನುವವರು ಸಿಗುತ್ತಾರೆ. ಕೂದಲು ಬೇಕಾದರೆ ಬೆಳೆಸಿ. ಭುಜ ನಿಮ್ಮದು, ವರ್ಷಗಟ್ಟಲೆ ಬೆವರು ಸುರಿಸಿ ಕಟ್ಟಿದ್ದು. ಅದಕ್ಕೆ ಸರಿಹೊಂದುವ ಪಾತ್ರ ಬರುತ್ತದೆ.

ಬೆಂಗಳೂರಿಗೆ ಒಂದು ದಿನ ಮೊದಲೇ ಹೋಗಿ. ಆರಡಿ ದಾಟಿದವರಿಗೆ ಸ್ಲೀಪರ್ ಬಸ್ಸಿನಲ್ಲಿ ಕಾಲು ಚಾಚಲು ಆಗುವುದಿಲ್ಲ. ಶಿರಾಡಿ ಘಾಟಿಯ ತಿರುವುಗಳಲ್ಲಿ ನಿದ್ದೆಯೂ ಇಲ್ಲ. ಬೆಳಿಗ್ಗೆ ಇಳಿದು ಹತ್ತು ಗಂಟೆಗೆ ಆಡಿಷನ್ ಕೊಟ್ಟರೆ ಊದಿದ ಕಣ್ಣು ಕ್ಯಾಮೆರಾದಲ್ಲಿ ಅಡಗುವುದಿಲ್ಲ.

"ಆಕ್ಷನ್" ಎನ್ನುವ ಮೊದಲು ಫ್ರೀ ಥ್ರೋ ನೆನಪು ಮಾಡಿಕೊಳ್ಳಿ. ರೆಫ್ರಿ ಬಾಲ್ ಕೊಟ್ಟ ಮೇಲೆ 5 ಸೆಕೆಂಡಿನೊಳಗೆ ರಿಂಗ್‌ಗೆ ಎಸೆಯಬೇಕು. ಇಡೀ ಕ್ರೀಡಾಂಗಣ ಕೂಗುತ್ತಿದ್ದರೂ ನೀವು, ಗೆರೆ, ರಿಂಗ್ ಅಷ್ಟೇ. ನನ್ನದು ಮೂರು ಡ್ರಿಬಲ್, ಒಂದು ಉಸಿರು. ಈಗಲೂ ಶಾಟ್ ಮೊದಲು ಬಲಗೈ ಬೆರಳುಗಳನ್ನು ತೊಡೆಯ ಮೇಲೆ ಮೂರು ಸಲ ತಟ್ಟಿ, ಒಂದು ಉಸಿರು ಬಿಡುತ್ತೇನೆ.

ಹೆಜ್ಜೆ 9: ಕೆಲಸ ಸಿಕ್ಕಿದ ಮೇಲೆ

ಅಗ್ರಿಮೆಂಟ್ ಪೂರ್ತಿ ಓದಿ. ದಿನಕ್ಕೆ ಎಷ್ಟು, ಎಷ್ಟು ದಿನಕ್ಕೆ ಪೇಮೆಂಟ್, ಬೇರೆ ಸೀರಿಯಲ್ ಮಾಡಬಹುದಾ, ಬಸ್ಸಿನ ಖರ್ಚು ಯಾರದ್ದು. ಪಾನ್ ಕಾರ್ಡ್ ಬೇಕು. ದುಡ್ಡಿನಲ್ಲಿ ಸಾಮಾನ್ಯವಾಗಿ 10 ಪರ್ಸೆಂಟ್ ಟಿಡಿಎಸ್, ಅಂದರೆ ಮೊದಲೇ ಕಡಿಯುವ ಆದಾಯ ತೆರಿಗೆ, ಹಿಡಿಯುತ್ತಾರೆ, ರಿಟರ್ನ್ ಹಾಕುವಾಗ ಅದನ್ನು ಲೆಕ್ಕಕ್ಕೆ ತೆಗೆದುಕೊಳ್ಳಬಹುದು. ಒಂದು ಪುಸ್ತಕದಲ್ಲಿ ಕೆಲಸ ಮಾಡಿದ ತಾರೀಕು, ಸೀನ್, ಬಂದ ದುಡ್ಡು ಬರೆದಿಡಿ. ಸಣ್ಣ ಪಾತ್ರಕ್ಕೆ ಬಟ್ಟೆ ನೀವೇ ತರಬೇಕಾಗುತ್ತದೆ. ನಮ್ಮ ಅಳತೆಗೆ ಅಲ್ಲಿ ಏನೂ ಸಿಗದು. ಹಾಗಾಗಿ ಊರಿನ ಟೈಲರ್ ಹತ್ತಿರ ನಾಲ್ಕು ಶರಟು, ಒಂದು ಖಾಕಿ ಪ್ಯಾಂಟ್ ಹೊಲಿಸಿಟ್ಟುಕೊಳ್ಳಿ. ನನಗೆ ಮೊದಲ ಇನ್‌ಸ್ಪೆಕ್ಟರ್ ಪಾತ್ರ ಸಿಕ್ಕಿದ್ದರಲ್ಲಿ ಆ ಪ್ಯಾಂಟಿನ ಪಾಲೂ ಇದೆ.

ಗುರುವಾರ ಟಿಆರ್‌ಪಿ ಬರುತ್ತದೆ. ನಂಬರ್ ಬಿದ್ದರೆ ಕಥೆ ತಿರುಗುತ್ತದೆ, ನಿಮ್ಮ ಪಾತ್ರ ದುಬೈಗೆ ಹೋಗಿಬಿಡಬಹುದು. ಬೆಂಚಿನಲ್ಲಿ ಕೂತು ಗೊತ್ತಿರುವವರಿಗೆ ಅದನ್ನು ತಾಳಿಕೊಳ್ಳುವ ಶಕ್ತಿ ಇರುತ್ತದೆ. ಡೈರೆಕ್ಟರ್ ಜೊತೆ ಜಗಳ ಬೇಡ, ಎಲ್ಲರಿಗೂ ನಮಸ್ಕಾರ ಹೇಳಿ ಬನ್ನಿ. ಅದೇ ಯೂನಿಟ್ ಇನ್ನೊಂದು ಕಥೆ ಶುರು ಮಾಡುವಾಗ ನಿಮ್ಮನ್ನು ನೆನಪಿಸಿಕೊಳ್ಳುತ್ತದೆ.

ಸೀರಿಯಲ್ ನಡೆಯುತ್ತಿರುವಾಗ ಮ್ಯಾಚ್ ಆಡಬೇಡಿ. ಇದನ್ನು ಹೇಳಲು ನನಗೇ ಸಂಕಟ ಆಗುತ್ತದೆ. ಒಂದು ಭಾನುವಾರ ಊರಿನ ಟೂರ್ನಮೆಂಟ್‌ಗೆ ಗೆಳೆಯರು ಕರೆದರು. ರೀಬೌಂಡ್‌ಗೆ ಹಾರಿದಾಗ ಒಬ್ಬನ ಮೊಣಕೈ ಹುಬ್ಬಿಗೆ ತಾಗಿ ಮೂರು ಹೊಲಿಗೆ ಬಿತ್ತು. ಸೋಮವಾರ ಅರ್ಧ ಮುಗಿದ ಸೀನ್‌ನ ಉಳಿದರ್ಧ ತೆಗೆಯಬೇಕಿತ್ತು. ಬಾಗಿಲು ತೆರೆಯುವಾಗ ಹುಬ್ಬು ಸರಿ ಇತ್ತು, ಒಳಗೆ ಬಂದಾಗ ಪ್ಲಾಸ್ಟರ್! ಮೇಕಪ್‌ನವರು ಒಂದೂವರೆ ಗಂಟೆ ಕಷ್ಟಪಟ್ಟರು. ಕೊನೆಗೆ ನನ್ನನ್ನು ಬಲಗಡೆಯಿಂದ ಮಾತ್ರ ತೆಗೆದರು. ನಲವತ್ತು ಜನ ಅಷ್ಟು ಹೊತ್ತು ಕಾದರು.

ಆಟವನ್ನು ಪೂರ್ತಿ ಬಿಡಬೇಕಿಲ್ಲ. ಶೂಟಿಂಗ್ ಇಲ್ಲದ ದಿನ ಒಬ್ಬರೇ ಕೋರ್ಟ್‌ಗೆ ಹೋಗಿ ರಿಂಗ್‌ಗೆ ಬಾಲ್ ಹಾಕಿ. ಊಟ ಮಾತ್ರ ಕಡಿಮೆ ಮಾಡಿ. ದಿನಾ ಮೂರು ಗಂಟೆ ಓಡುತ್ತಿದ್ದಾಗ ಉಂಡಷ್ಟೇ ಕುಚ್ಚಲಕ್ಕಿ ಅನ್ನ, ಮೀನು ಸಾರು ಈಗಲೂ ಉಂಡರೆ ಆರು ತಿಂಗಳಲ್ಲಿ ಗಲ್ಲ ತುಂಬಿಕೊಳ್ಳುತ್ತದೆ. ಸೆಟ್‌ನಲ್ಲಿ ಹನ್ನೆರಡು ಗಂಟೆ ನಿಂತರೆ ಮೊಣಕಾಲು ನೋಯುತ್ತದೆ, ಶಾಟ್ ಮಧ್ಯೆ ಕೂರಲು ಒಂದು ಮಡಚುವ ಸ್ಟೂಲ್ ಬ್ಯಾಗಿನಲ್ಲಿ ಇರಲಿ.

ಜೊತೆಗೆ ಕೋಚಿಂಗ್ ಸರ್ಟಿಫಿಕೇಟ್ ಮಾಡಿಕೊಳ್ಳಿ. ಪಟಿಯಾಲದ ರಾಷ್ಟ್ರೀಯ ಕ್ರೀಡಾ ಸಂಸ್ಥೆ (ಎನ್‌ಐಎಸ್) ನಡೆಸುವ ಆರು ವಾರದ ಕೋರ್ಸ್ ಇದೆ. ನಾನು ಸೀರಿಯಲ್ ಇಲ್ಲದ ಒಂದು ಬೇಸಿಗೆಯಲ್ಲಿ ಮಾಡಿದೆ. ಈಗ ಊರಲ್ಲಿರುವ ದಿನಗಳಲ್ಲಿ ಬೆಳಿಗ್ಗೆ ಆರರಿಂದ ಎಂಟು ಮಕ್ಕಳಿಗೆ ಹೇಳಿಕೊಡುತ್ತೇನೆ. ಆ ಮಂಗಳೂರಿನ ಹುಡುಗ ಈಗ ಶನಿವಾರ ಶನಿವಾರ ರೈಲಿನಲ್ಲಿ ಬರುತ್ತಾನೆ. ಮಕ್ಕಳಿಗೆ ಡ್ರಿಬಲ್ ಮಾಡಿಸುತ್ತಾನೆ, ಸಂಜೆ ನಾಟಕದ ರಿಹರ್ಸಲ್‌ಗೆ ಹೋಗುತ್ತಾನೆ. ಸದ್ಯ ಅವನ ಪಾಲಿಗೆ ಬಂದಿರುವುದು ಪರದೆ ಕಟ್ಟುವ ಕೆಲಸ.